ಓಣಿಯಿಂದ ಹೊರಟ ನಗರಯೋಜನೆ

ಊರು ಮೊದಲೋ, ಊರಿನ ನಕ್ಷೆ ಮೊದಲೋ? ನಗರಯೋಜನೆಯ ಶಾಸ್ತ್ರಗ್ರಂಥಗಳು ಸಂದೇಹಕ್ಕೆಡೆಯಿಲ್ಲದಂತೆ ನಕ್ಷೆಯ ಪಕ್ಷವನ್ನೇ ವಹಿಸುತ್ತವೆ. ಮೊದಲು ನೆಲದ ಅಳತೆ. ಆಮೇಲೆ ರಸ್ತೆ, ಕೊಳಾಯಿ, ಒಳಚರಂಡಿ. ಅನಂತರ ನಿವೇಶನ, ಮನೆ. ಎಲ್ಲ ಮುಗಿದ ಮೇಲೆ ಗೃಹಪ್ರವೇಶ. ಬಡದೇಶಗಳ ಮಹಾನಗರಗಳಲ್ಲಿ ಈ ಕ್ರಮ ಪೂರ್ತಿ ತಿರುವುಮುರುವಾಗಿ ನಡೆಯುತ್ತದೆ. ಅಲ್ಲಿ ಮೊದಲು ಬರುವುದೇ ಗೃಹಪ್ರವೇಶ. ಗಂಟುಮೂಟೆಯೊಡನೆ ಬಂದ ಸಂಸಾರವೊಂದು ಚಾಪೆ ತಗಡುಗಳ ನೆರಳಿನಲ್ಲಿ ಒಲೆ ಹೂಡುತ್ತದೆ. ಕೆಲವು ವರ್ಷಗಳಲ್ಲಿ ಗೋಡೆ ಏಳುತ್ತದೆ. ಇನ್ನು ಕೆಲವು ವರ್ಷಗಳಿಗೆ ನೀರು, ವಿದ್ಯುತ್ತು ಬರುತ್ತವೆ. ನಕ್ಷೆ ಬಂದರೆ ಕಟ್ಟಕಡೆಗೆ ಬರುತ್ತದೆ. ಹೀಗೆ ತಡವಾಗಿ ಬಂದ ನಕ್ಷೆ ಏನು ಮಾಡಬಲ್ಲದೆಂಬುದಕ್ಕೆ ಕರಾಚಿ ನಗರದ ಓರಂಗಿ ಎಂಬ ಬಡಾವಣೆಯಷ್ಟು ಒಳ್ಳೆಯ ನಿದರ್ಶನ ನನಗೆ ಬೇರೊಂದು ತಿಳಿಯದು.

ಕರಾಚಿ ನಮಗೆ ತೀರ ಪರಸ್ಥಳವೇನಲ್ಲ. 1936ರಲ್ಲಿ ಸಿಂಧ್ ಪ್ರತ್ಯೇಕ ಪ್ರಾಂತವಾಗುವವರೆಗೆ, ಧಾರವಾಡ ಬೆಳಗಾವಿಗಳಂತೆ ಅದೂ ಮುಂಬಯಿ ಪ್ರಾಂತಕ್ಕೆ ಸೇರಿದ ಊರು. 1941ರ ಜನಗಣತಿಯಲ್ಲಿ ನಾಲ್ಕು ಲಕ್ಷ ಚಿಲ್ಲರೆಯಿದ್ದ ಅದರ ಜನಸಂಖ್ಯೆ, ದೇಶ ಇಬ್ಭಾಗವಾಗಿ ನಿರಾಶ್ರಿತರು ಬಂದಿಳಿದ ಮೇಲೆ, 1951ರಲ್ಲಿ ಹತ್ತು ಲಕ್ಷವನ್ನು ದಾಟಿತ್ತು. ಇವರಿಗಾಗಿ 1950ರ ದಶಕದ ಕೊನೆಯಲ್ಲಿ ಗ್ರೀಸ್ ದೇಶದ ಖ್ಯಾತ ಯೋಜಕ ಡಾಕ್ಸಿಯಾಡಿಸ್ ಅವರ ನಕ್ಷೆಯಂತೆ ಕೊರಂಗಿ ಎಂಬ ಹೊಸ ಊರನ್ನು ಕಟ್ಟಲಾರಂಭಿಸಿದರು. ಹೆಸರಿನಲ್ಲಿ ಓರಂಗಿಗೆ ಹತ್ತಿರವಾದರೂ ಕೊರಂಗಿ ನಗರದ ಇನ್ನೊಂದು ದಿಕ್ಕಿನಲ್ಲಿದೆ. ನಕ್ಷೆ ಸುಂದರವಾಗಿತ್ತು, ಆದರೆ ಜನರ ದುಡಿಮೆಯೆಲ್ಲ ಹಳೆಯ ಊರಿನಲ್ಲಿ. ಮನೆಯ ಕಂತಿನ ಹಣ ಸರಿಯಾಗಿ ವಸೂಲಾಗಲಿಲ್ಲ. ಕೆಲವೇ ವರ್ಷಗಳಲ್ಲಿ ಕಾರ್ಯಕ್ರಮ ಗುರಿಯನ್ನು ಮುಟ್ಟದೆ ನಿಂತುಹೋಯಿತು.

ಓರಂಗಿಗೆ ಅಂಥ ಯೋಜಕರಾರೂ ಇರಲಿಲ್ಲ. 1965ರ ಸುಮಾರಿಗೆ ಅಲ್ಲಿ ವಸತಿ ಆರಂಭವಾಯಿತು. ಬಾಂಗ್ಲಾದೇಶದ ಉದಯವಾದ ಮೇಲೆ ಅಲ್ಲಿಂದ ಬಂದ ಉರ್ದು ಭಾಷಿಕರಿಂದ ಅದು ಒಮ್ಮೆಗೇ ಬೆಳೆಯಿತು. ಸರ್ಕಾರಿ ಭೂಮಿಯನ್ನು ದಲ್ಲಾಳಿಗಳು ಗೆರೆಯೆಳೆದು ಮಾರಿದರು. ಕಾನೂನಿನ ಹೊರಗಿನ ಈ ಯೋಜಕರು ಹಾಕಿದ ಓಣಿಗಳು ಸಾಕಷ್ಟು ನೇರವಾಗಿದ್ದವೆಂಬುದನ್ನು ಒಪ್ಪಲೇಬೇಕು. ಸಿಮೆಂಟ್ ಇಟ್ಟಿಗೆ ಮಾಡುವ ಅಂಗಳದವರು ಸಾಲಕ್ಕೆ ಇಟ್ಟಿಗೆ ಕೊಟ್ಟರು. ಜನ ತಾವೇ ಮನೆ ಕಟ್ಟಿಕೊಂಡರು. ಮಲಿನ ನೀರಿಗೆ ಮಾತ್ರ ದಾರಿಯಿರಲಿಲ್ಲ. ಬುಟ್ಟಿ ಕಕ್ಕಸು, ಇಂಗುಗುಂಡಿ, ಮನೆಯ ಮುಂದೆ ಹರಿಯುವ ಹೊಲಸು. ಇದರ ಕಷ್ಟವನ್ನು ಉಳಿದವರಿಗಿಂತ ಹೆಚ್ಚಾಗಿ ಹೆಂಗಸರೂ ಮಕ್ಕಳೂ ಅನುಭವಿಸುತ್ತಾರೆಂಬುದನ್ನು ವಿವರಿಸಬೇಕಾದ್ದಿಲ್ಲ.

1980ರಲ್ಲಿ ಇಲ್ಲಿಗೆ ಬಂದವರು ಅಖ್ತರ್ ಹಮೀದ್ ಖಾನ್. ಆಗ ಅವರ ವಯಸ್ಸು ಅರವತ್ತೈದನ್ನು ದಾಟಿತ್ತು. ಬ್ರಿಟಿಷರ ಕಾಲದಲ್ಲಿ ಐ.ಸಿ.ಎಸ್. ಅಧಿಕಾರಿಯಾಗಿದ್ದವರು ಅವರು. ಬಂಗಾಳದ 1943ರ ಬರಗಾಲದಲ್ಲಿ ಸರ್ಕಾರ ನಡೆದುಕೊಂಡ ರೀತಿಯಿಂದ ಮನಸ್ಸು ಮುರಿದು, 1945ರಲ್ಲಿ ಆ ಹುದ್ದೆಯನ್ನು ಬಿಟ್ಟು, ಅಲೀಗಢದ ಬಳಿ ಬೀಗದ ಕೆಲಸ ಕಲಿಯಲು ಹೋದರು. ಮುಂದೆ ಕೊಮಿಲ್ಲಾದಲ್ಲಿ ಗ್ರಾಮಾಭಿವೃದ್ಧಿಯ ಅಕಾಡೆಮಿಯನ್ನು ನಡೆಸಿ ಹೆಸರಾದರು. 1963ರಲ್ಲಿ ಮ್ಯಾಗ್ಸೇಸೆ ಪ್ರಶಸ್ತಿ ಬಂತು. ಓರಂಗಿಯ ಕೆಲಸಕ್ಕೆ ಹಣ ಒದಗಿಸಿದ್ದು ಆಗಾ ಹಸನ್ ಅಬೇದಿಯವರ ಬಿ.ಸಿ.ಸಿ.ಐ. ಬ್ಯಾಂಕಿಗೆ ಸಂಬಂಧಿಸಿದ ಪ್ರತಿಷ್ಠಾನ. ಆ ಬ್ಯಾಂಕು 1991ರಲ್ಲಿ ದೊಡ್ಡ ಹಗರಣದೊಡನೆ ಬಾಗಿಲು ಹಾಕಿತು. ಓರಂಗಿಯ ಚರಂಡಿಗಳೇ ಹೆಚ್ಚು ಬಾಳಿದವು.

ಖಾನರು ಮೊದಲು ಮಾಡಿದ್ದು ಓಣಿಗಳಲ್ಲಿ ನಡೆದಾಡಿ ಜನರ ಮಾತು ಕೇಳಿದ್ದು. ಚರಂಡಿ ಬೇಡವೆನ್ನುವವರು ಯಾರೂ ಇರಲಿಲ್ಲ. ಹಾಗಾದರೆ ತಡೆಯೇನು? ಅವರು ನಾಲ್ಕು ಅಡ್ಡಿಗಳನ್ನು ಕಂಡರು. ಚರಂಡಿಯನ್ನು ಸರ್ಕಾರ ಬಿಟ್ಟಿಯಾಗಿ ಮಾಡಿಕೊಡುತ್ತದೆಂಬ ನಂಬಿಕೆ ಒಂದು. ಸರ್ಕಾರಿ ದರದ ಖರ್ಚು ಬಡವರ ಕೈಗೆ ಮೀರಿದ್ದು ಇನ್ನೊಂದು. ಕೊಳವೆಗೆ ಇಳಿಜಾರು ಕೊಡುವ ವಿದ್ಯೆ ಜನರಿಗೆ ಗೊತ್ತಿರಲಿಲ್ಲ. ಕಡೆಯದೂ ಕಠಿಣವಾದದ್ದೂ ನೆರೆಹೊರೆಯ ಸಂಬಂಧ. ಮನೆಯನ್ನು ಒಬ್ಬನೇ ಕಟ್ಟಬಹುದು. ಚರಂಡಿಯನ್ನು ಒಬ್ಬನೇ ಕಟ್ಟಲಾಗದು. ನನ್ನ ಮನೆಯ ನೀರು ನಿಮ್ಮ ಬಾಗಿಲ ಮುಂದೆಯೇ ಹೋಗಬೇಕು.

ಇಡೀ ಬಡಾವಣೆಯನ್ನು ಒಂದುಗೂಡಿಸುವುದು ಆಗದ ಮಾತು. ಆದರೆ ಇಪ್ಪತ್ತು ಮೂವತ್ತು ಮನೆಗಳ ಒಂದು ಓಣಿ ಒಪ್ಪಬಲ್ಲದು. ಅಲ್ಲಿ ಎಲ್ಲರಿಗೂ ಎಲ್ಲರ ಪರಿಚಯ. ಆದುದರಿಂದ ಓಣಿಯೇ ಯೋಜನೆಯ ಘಟಕವಾಯಿತು. ಓಣಿಯವರು ತಮ್ಮಲ್ಲೊಬ್ಬನನ್ನು ಮುಖ್ಯಸ್ಥನನ್ನಾಗಿ ಆರಿಸಿ ಅರ್ಜಿ ಕೊಟ್ಟರೆ, ಸಂಸ್ಥೆಯವರು ಬಂದು ನೆಲದ ಮಟ್ಟ ಅಳೆದು, ನಕ್ಷೆಯನ್ನೂ ಖರ್ಚಿನ ಅಂದಾಜನ್ನೂ ಬರೆದುಕೊಡುತ್ತಿದ್ದರು. ಉಪಕರಣಗಳನ್ನೂ ಆಳುಗುಂಡಿಯ ಅಚ್ಚುಗಳನ್ನೂ ಎರವಲು ಕೊಡುತ್ತಿದ್ದರು. ಹಣವನ್ನು ಮಾತ್ರ ಕೊಡುತ್ತಿರಲಿಲ್ಲ, ಓಣಿಯ ಹಣವನ್ನು ಮುಟ್ಟುತ್ತಲೂ ಇರಲಿಲ್ಲ. ವಂತಿಗೆ ಎತ್ತುವುದು, ಮೇಸ್ತ್ರಿಯನ್ನು ಕರೆಸುವುದು, ಅಗೆಯುವುದು, ಜಗಳ ಬಗೆಹರಿಸುವುದು ಎಲ್ಲವೂ ಓಣಿಯವರ ಪಾಲು.

ಗುತ್ತಿಗೆದಾರನ ಲಾಭ ಇಲ್ಲವಾದದ್ದರಿಂದ ಖರ್ಚು ಇಳಿಯಿತು. ವಿನ್ಯಾಸವನ್ನು ಸರಳಗೊಳಿಸಿದ್ದರಿಂದ ಮತ್ತಷ್ಟು ಇಳಿಯಿತು. ಪ್ರತಿ ಮನೆಯ ಕಕ್ಕಸಿಗೂ ಓಣಿಯ ಕೊಳವೆಗೂ ನಡುವೆ ಒಂದು ಪುಟ್ಟ ತೊಟ್ಟಿ. ಅದನ್ನು ಅಲ್ಲಿಯವರು ಹೌದಿ ಎನ್ನುತ್ತಾರೆ. ನಮ್ಮಲ್ಲಿ ನೀರಿನ ತೊಟ್ಟಿಗೆ ಹೇಳುವ ಹೌದ ಎಂಬ ಶಬ್ದದ ಬಳಗವೇ ಅದು. ಗಟ್ಟಿ ಪದಾರ್ಥ ಅದರಲ್ಲಿ ತಂಗಿ, ನೀರಷ್ಟೇ ಮುಂದೆ ಹೋಗುವುದರಿಂದ, ಹೆಚ್ಚು ಆಳ ಅಗೆಯದೆ ಸಣ್ಣ ಕೊಳವೆಯನ್ನು ಹಾಕಬಹುದಾಯಿತು. ಒಂದು ಮನೆಗೆ, ಕಕ್ಕಸೂ ಓಣಿಯ ಚರಂಡಿಯ ಪಾಲೂ ಸೇರಿ, ಆ ದಿನಗಳಲ್ಲಿ ಬಿದ್ದ ಖರ್ಚು ಸರಾಸರಿ ಸಾವಿರ ಪಾಕಿಸ್ತಾನಿ ರೂಪಾಯಿ. ಆರಂಭದ ಕೆಲಸವೆಲ್ಲ ಚೆನ್ನಾಗಿತ್ತೆಂದಲ್ಲ. ಕಾಂಕ್ರೀಟಿಗೆ ಸರಿಯಾಗಿ ನೀರುಣಿಸದೆ ಕೆಡಿಸಿದವರಿದ್ದರು. ಆ ತಪ್ಪುಗಳನ್ನು ನೋಡಿಯೇ ವಿಧಾನ ತಿದ್ದಿಕೊಂಡಿತು. ಕಾಲಕ್ರಮದಲ್ಲಿ ಓರಂಗಿಯ ನೂರಕ್ಕೆ ತೊಂಬತ್ತಕ್ಕಿಂತ ಹೆಚ್ಚು ಓಣಿಗಳು ಹೀಗೆ ತಮ್ಮ ಚರಂಡಿಯನ್ನು ತಾವೇ ಹಾಕಿಕೊಂಡವು.

ಹಾಗಾದರೆ ಸರ್ಕಾರಕ್ಕೆ ಕೆಲಸವೇ ಇಲ್ಲವೆ? ಜನರೇ ಎಲ್ಲವನ್ನೂ ಮಾಡಿಕೊಳ್ಳಲಿ ಎಂದು ಕೈತೊಳೆದುಕೊಳ್ಳಲು ಈ ಪ್ರಯೋಗವನ್ನು ಕೆಲವರು ಉದಾಹರಿಸುವುದುಂಟು. ಅದು ತಪ್ಪು ಓದು. ಕೆಲಸವನ್ನು ಎರಡು ಭಾಗ ಮಾಡಿದ್ದೇ ಓರಂಗಿಯ ಮುಖ್ಯ ವಿಚಾರ. ಮನೆಯ ಕಕ್ಕಸು, ಓಣಿಯ ಚರಂಡಿ, ಓಣಿಗಳನ್ನು ಕೂಡಿಸುವ ಚರಂಡಿ ಜನರದು; ದೊಡ್ಡ ನಾಲೆ ಮತ್ತು ಶುದ್ಧೀಕರಣ ಕೇಂದ್ರ ಸರ್ಕಾರದ್ದು. ಜನ ತಮ್ಮ ಭಾಗವನ್ನು ಮುಗಿಸಿದರು. ಇನ್ನೊಂದು ಭಾಗ ಹಿಂದೆ ಬಿತ್ತು. ಓಣಿಗಳ ನೀರು ತೆರೆದ ನಾಲೆಗಳಿಗೆ ಬಿದ್ದು, ಬಹುಪಾಲು ಶುದ್ಧಿಯಾಗದೆ ಅರಬ್ಬೀ ಸಮುದ್ರವನ್ನು ಸೇರಿತು.

ನಕ್ಷೆಯ ಬೆಲೆ ಗೊತ್ತಾದದ್ದು ಇಲ್ಲಿ. ಕಾಗದದ ಮೇಲೆ ಚರಂಡಿಯಿಲ್ಲದ ಕಡೆ ಕಣ್ಣಾರೆ ಚರಂಡಿಯಿತ್ತು. ಕೊರಂಗಿಯ ಒಳಚರಂಡಿಗೆ ಏಷ್ಯನ್ ಅಭಿವೃದ್ಧಿ ಬ್ಯಾಂಕಿನ ಸಾಲದಿಂದ ದೊಡ್ಡ ಯೋಜನೆ ಸಿದ್ಧವಾದಾಗ, ಅಲ್ಲಿ ಆಗಲೇ ನೆಲದೊಳಗಿದ್ದ ಚರಂಡಿಗಳನ್ನು ಓರಂಗಿಯ ಸಂಸ್ಥೆಯವರು ದಾಖಲಿಸಿ ತೋರಿಸಿ, ಕಡಿಮೆ ಖರ್ಚಿನ ಬೇರೆ ದಾರಿಯನ್ನು ಮುಂದಿಟ್ಟರು. 1999ರಲ್ಲಿ ಆ ಸಾಲ ರದ್ದಾಯಿತು. ಖಾನರು ತೀರಿಕೊಂಡದ್ದೂ ಅದೇ ವರ್ಷ.

ಈ ನಕ್ಷೆಗಳ ಕೆಲಸವನ್ನು ಬೆಳೆಸಿದವರು ಪರ್ವೀನ್ ರೆಹಮಾನ್. ವಾಸ್ತುಶಿಲ್ಪ ಕಲಿತು, ಖಾಸಗಿ ಸಂಸ್ಥೆಯ ಕೆಲಸ ಬಿಟ್ಟು, ಎಂಬತ್ತರ ದಶಕದ ಆರಂಭದಲ್ಲಿ ಓರಂಗಿಗೆ ಬಂದವರು. ಕರಾಚಿಯ ಅಂಚಿನ ಹಳ್ಳಿಗಳನ್ನು ಅವರು ಒಂದೊಂದಾಗಿ ಗುರುತಿಸಿ ನಕ್ಷೆ ಮಾಡಿದರು. ಅದರ ಆಧಾರದ ಮೇಲೆ ಹಳ್ಳಿಗರು ತಮ್ಮ ನೆಲದ ಹಕ್ಕನ್ನು ಕೇಳಬಹುದಾಗಿತ್ತು. ಅದೇ ನೆಲದ ಮೇಲೆ ಭೂಗಳ್ಳರ ಕಣ್ಣೂ ಇತ್ತು. 2013ರ ಮಾರ್ಚ್ 13ರಂದು, ಓರಂಗಿಯ ಕಚೇರಿಯಿಂದ ಮನೆಗೆ ಹಿಂದಿರುಗುತ್ತಿದ್ದಾಗ, ಅವರನ್ನು ಗುಂಡಿಟ್ಟು ಕೊಂದರು.

2020ರ ಆಗಸ್ಟಿನಲ್ಲಿ ಕರಾಚಿ ಮಳೆನೀರಿನಲ್ಲಿ ಮುಳುಗಿತು. ನಾಲೆಗಳನ್ನು ಅಗಲಗೊಳಿಸುವುದಕ್ಕಾಗಿ ಮರುವರ್ಷ ಗುಜ್ಜರ್ ಮತ್ತು ಓರಂಗಿ ನಾಲೆಗಳ ದಡದ ಸಾವಿರಾರು ಮನೆಗಳನ್ನು ಕೆಡವಿದರು. ಆ ಮನೆಗಳಲ್ಲಿ ಅನೇಕರ ಪೆಟ್ಟಿಗೆಯಲ್ಲಿ ನಗರಾಡಳಿತವೇ ಹಿಂದೆ ಕೊಟ್ಟಿದ್ದ ಗುತ್ತಿಗೆ ಪತ್ರವಿತ್ತು.