ಜಯಂತಿ: ನಾಯಕಿಯ ಚೌಕಟ್ಟನ್ನು ದಾಟಿದ ನಟಿ

ಬಳ್ಳಾರಿ ನಗರವು ಇನ್ನೂ ಮದ್ರಾಸ್ ಪ್ರಾಂತ್ಯಕ್ಕೆ ಸೇರಿದ್ದ ಕಾಲದಲ್ಲಿ, 1945ರ ಜನವರಿ 6ರಂದು, ಅಲ್ಲಿ ಹುಟ್ಟಿದ ಕಮಲಾಕುಮಾರಿಯೇ ಮುಂದೆ ‘ಅಭಿನಯ ಶಾರದೆ’ ಎಂಬ ಬಿರುದಿನಿಂದ ಕನ್ನಡಿಗರಿಗೆ ಪರಿಚಿತರಾದ ಜಯಂತಿ. ಸಿರುಗುಪ್ಪ, ಕುರುಗೋಡುಗಳನ್ನು ಒಳಗೊಂಡ ಈ ಸೀಮೆಯಲ್ಲಿ ಕನ್ನಡದೊಡನೆ ತೆಲುಗೂ ನಿತ್ಯದ ಮಾತು. ಬಯಲಾಟಕ್ಕೂ ವೃತ್ತಿರಂಗಭೂಮಿಗೂ ಇಲ್ಲಿ ಹಿಂದಿನಿಂದಲೇ ನೆಲೆಯಿದ್ದು, ಬಳ್ಳಾರಿ ರಾಘವ, ಸುಭದ್ರಮ್ಮ ಮನ್ಸೂರರಂಥ ಕಲಾವಿದರು ಅದನ್ನು ಬೆಳಗಿಸಿದ್ದಾರೆ. ಜಯಂತಿಯವರ ಹಾದಿ ಮಾತ್ರ ರಂಗಭೂಮಿಯ ಮೂಲಕ ಸಾಗಲಿಲ್ಲ. ತಾಯಿಯೊಡನೆ ಮದ್ರಾಸಿಗೆ ಹೋಗಿ ನೃತ್ಯ ಕಲಿತ ಅವರು, ಕನ್ನಡ ಚಿತ್ರಗಳೂ ಬಹುಪಾಲು ಅಲ್ಲಿಯೇ ತಯಾರಾಗುತ್ತಿದ್ದ ದಿನಗಳಲ್ಲಿ, ವೈ.ಆರ್. ಸ್ವಾಮಿ ನಿರ್ದೇಶನದ ‘ಜೇನುಗೂಡು’ (1963) ಚಿತ್ರದ ಮೂಲಕ ಹೊಸ ಹೆಸರಿನೊಡನೆ ತೆರೆಗೆ ಬಂದರು.

ಆ ಕಾಲದ ನಾಯಕಿಯ ಪಾತ್ರಗಳು ಹೆಚ್ಚಾಗಿ ತಾಳ್ಮೆ, ತ್ಯಾಗ, ಲಜ್ಜೆಗಳ ಎಲ್ಲೆಯೊಳಗೇ ರೂಪುಗೊಳ್ಳುತ್ತಿದ್ದವು. ‘ಚಂದವಳ್ಳಿಯ ತೋಟ’ದಂಥ (1964) ಗ್ರಾಮೀಣ ಕಥನದಲ್ಲಿ ನಟಿಸಿದ್ದ ಜಯಂತಿ, ಮರುವರ್ಷವೇ ‘ಮಿಸ್ ಲೀಲಾವತಿ’ಯಲ್ಲಿ ಸ್ವಚ್ಛಂದ ಮನೋಭಾವದ ಆಧುನಿಕ ಯುವತಿಯಾಗಿ, ಈಜುಡುಗೆಯಲ್ಲಿಯೂ ಕಾಣಿಸಿಕೊಂಡು, ಪ್ರೇಕ್ಷಕರ ಮೆಚ್ಚುಗೆಯನ್ನಷ್ಟೇ ನೆಚ್ಚಿಕೊಳ್ಳದ ಪಾತ್ರಗಳನ್ನು ಒಪ್ಪುವ ಎದೆಗಾರಿಕೆ ತೋರಿದರು. ‘ಎರಡು ಮುಖ’ (1969) ಚಿತ್ರದಲ್ಲಿ ಅವರು ಮಾಡಿದ್ದು ಒಡೆದ ವ್ಯಕ್ತಿತ್ವದ, ಅಂದರೆ ಒಂದೇ ದೇಹದಲ್ಲಿ ಬೇರೆ ಬೇರೆ ಸ್ವಭಾವಗಳು ಸರದಿಯಂತೆ ತಲೆದೋರುವ ಮನೋವ್ಯಾಧಿಯ ಪಾತ್ರ. ಇದೇ ಅವಧಿಯಲ್ಲಿ ತಮಿಳಿನ ನಿರ್ದೇಶಕ ಕೆ. ಬಾಲಚಂದರ್ ಜಯಂತಿಯವರನ್ನು ‘ಭಾಮಾ ವಿಜಯಂ’, ‘ಎದಿರ್ ನೀಚ್ಚಲ್’, ‘ಇರು ಕೋಡುಗಳ್’ ಚಿತ್ರಗಳಲ್ಲಿ ಬಳಸಿಕೊಂಡರು.

ನಿರ್ದೇಶಕ ಪುಟ್ಟಣ್ಣ ಕಣಗಾಲ್ ಅವರ ಚಿತ್ರಗಳಲ್ಲಿ ಈ ಪ್ರತಿಭೆಯ ವಿಸ್ತಾರ ಎದ್ದು ಕಾಣುತ್ತದೆ. ‘ನಾಗರಹಾವು’ (1972) ಚಿತ್ರದಲ್ಲಿ ಜಯಂತಿ ಚಿತ್ರದುರ್ಗದ ವೀರವನಿತೆ ಒನಕೆ ಓಬವ್ವನಾಗಿ ಬರುವುದು ಒಂದು ಹಾಡಿನ ಅವಧಿಗೆ ಮಾತ್ರ. ಆದರೆ ನೀರಿಗೆಂದು ಬಂದ ಗೃಹಿಣಿ ಕೋಟೆಯ ಕಿಂಡಿಯಲ್ಲಿ ಶತ್ರು ನುಸುಳುವುದನ್ನು ಕಂಡು ಬೆಚ್ಚಿ, ಕ್ಷಣದಲ್ಲಿಯೇ ಒನಕೆ ಹಿಡಿದು ಸಜ್ಜಾಗುವ ಬದಲಾವಣೆಯನ್ನು ಅವರು ಕಣ್ಣು ಮತ್ತು ತೋಳುಗಳ ಚಲನೆಯಿಂದಲೇ ನಂಬಿಸುತ್ತಾರೆ. ಮರುವರ್ಷದ ‘ಎಡಕಲ್ಲು ಗುಡ್ಡದ ಮೇಲೆ’ ಇದಕ್ಕೆ ತೀರ ಭಿನ್ನವಾದ ಸವಾಲು. ಭಾರತೀಸುತರ ಕಾದಂಬರಿಯನ್ನು ಆಧರಿಸಿದ ಈ ಚಿತ್ರದ ಮಾಧವಿ, ಯುದ್ಧದಲ್ಲಿ ಗಾಯಗೊಂಡು ದಾಂಪತ್ಯಸುಖಕ್ಕೆ ಎರವಾದ ಗಂಡನ ಹೆಂಡತಿಯಾಗಿದ್ದು, ತನಗಿಂತ ಕಿರಿಯನೊಬ್ಬನತ್ತ ಸೆಳೆಯಲ್ಪಡುತ್ತಾಳೆ. ಅವಳ ಬಯಕೆಯನ್ನೂ ಅದರ ಬೆನ್ನಿಗೇ ಬರುವ ಪಾಪಪ್ರಜ್ಞೆಯನ್ನೂ ಜಯಂತಿ ಒಂದೇ ಮುಖದಲ್ಲಿ ಹಿಡಿದಿಟ್ಟ ಬಗೆಗೆ ರಾಜ್ಯ ಸರ್ಕಾರದ ಅತ್ಯುತ್ತಮ ನಟಿ ಪ್ರಶಸ್ತಿ ಸಂದಿತು. ಪುಟ್ಟಣ್ಣನವರ ನಿಧನಾನಂತರ ಕೆ.ಎಸ್.ಎಲ್. ಸ್ವಾಮಿ ಪೂರ್ಣಗೊಳಿಸಿದ ‘ಮಸಣದ ಹೂವು’ ಚಿತ್ರದಲ್ಲಿ ಅವರು ವೇಶ್ಯಾಗೃಹದ ಒಡತಿಯಾದರು.

ಕಥೆಯ ನಡುವಿನಲ್ಲಿ ನಿಲ್ಲದೆಯೂ ಅದರ ಓಟಕ್ಕೆ ಆಸರೆಯಾಗುವ ಪಾತ್ರವನ್ನು ಪೋಷಕ ಪಾತ್ರವೆನ್ನುತ್ತಾರೆ. ವಯಸ್ಸಾದಂತೆ ಅನೇಕ ನಾಯಕಿಯರಿಗೆ ಹಿನ್ನಡೆಯೆನಿಸುವ ಈ ಸ್ಥಾನಕ್ಕೆ ಜಯಂತಿ ಅನಾಯಾಸವಾಗಿ ಹೊಂದಿಕೊಂಡದ್ದಕ್ಕೆ ಕಾರಣವಿದೆ: ನಾಯಕಿಯಾಗಿದ್ದಾಗಲೇ ಅವರು ರೂಪಕ್ಕಿಂತ ಪಾತ್ರದ ಸ್ವಭಾವವನ್ನು ನೆಚ್ಚಿದ್ದರು. ರಾಜ್‌ಕುಮಾರ್ ಅವರಿಗೆ ‘ಕಸ್ತೂರಿ ನಿವಾಸ’, ‘ಬಹದ್ದೂರ್ ಗಂಡು’ ಮೊದಲಾದ ಚಿತ್ರಗಳಲ್ಲಿ ಜೋಡಿಯಾಗಿದ್ದ ಅವರು, 1986ರಲ್ಲಿ ರಾಜ್‌ಕುಮಾರ್ ಅವರ ಮಗ ಶಿವರಾಜ್‌ಕುಮಾರ್ ನಾಯಕನಾದ ಮೊದಲ ಚಿತ್ರ ‘ಆನಂದ್’ನಲ್ಲಿ ಪೋಷಕ ನಟಿಯಾಗಿ ರಾಜ್ಯ ಪ್ರಶಸ್ತಿ ಪಡೆದರು.

ಹಲವು ಭಾಷೆಗಳಲ್ಲಿ ಐನೂರಕ್ಕೂ ಹೆಚ್ಚು ಚಿತ್ರಗಳು, ಅತ್ಯುತ್ತಮ ನಟಿಯಾಗಿ ನಾಲ್ಕು ಮತ್ತು ಪೋಷಕ ನಟಿಯಾಗಿ ಎರಡು ರಾಜ್ಯ ಪ್ರಶಸ್ತಿಗಳು ಅವರ ಹೆಸರಿನಲ್ಲಿವೆ. 2021ರ ಜುಲೈ 26ರಂದು ಬೆಂಗಳೂರಿನಲ್ಲಿ ನಿಧನರಾದ ಜಯಂತಿ, ಕನ್ನಡ ತೆರೆಯ ಹೆಣ್ಣಿಗೆ ಮೆಚ್ಚುಗೆ ಗಳಿಸುವ ಹೊಣೆಯಷ್ಟೇ ಅಲ್ಲದೆ ತಪ್ಪು ಮಾಡುವ ಮತ್ತು ಆಸೆಪಡುವ ಹಕ್ಕೂ ಇದೆಯೆಂಬುದನ್ನು ಅಭಿನಯದಿಂದ ಸ್ಥಾಪಿಸಿದವರಲ್ಲಿ ಮೊದಲ ಸಾಲಿಗೆ ಸೇರುತ್ತಾರೆ.