ಕುದುರೆಯನ್ನು ನಿಲ್ಲಿಸಿದ ಕೈ

ಗಾಡಿ ಎಳೆದುಕೊಂಡು ನಾಗಾಲೋಟದಲ್ಲಿ ಓಡುತ್ತಿದ್ದ ಬಿಳಿ ಕುದುರೆ ಇದ್ದಕ್ಕಿದ್ದಂತೆ ಪರದೆಯ ಮೇಲೆ ನಿಂತೇ ಬಿಡುತ್ತದೆ! ಹಿಂದೆಯೇ ಗಾಡಿಯಲ್ಲಿ ಕುಳಿತ ಹೆಂಗಸರು, ಜನ ಗಿಜಿಗುಡುವ ಬೀದಿ, ಒಬ್ಬ ಮುದುಕಿ, ಮಕ್ಕಳ ಮುಖ, ಎಲ್ಲವೂ ಸ್ತಬ್ಧ. ಪ್ರೊಜೆಕ್ಟರ್ ಕೆಟ್ಟಿತೇನೋ ಅಂದುಕೊಳ್ಳುವಷ್ಟರಲ್ಲಿ ಅವೇ ಮುಖಗಳು ಫಿಲ್ಮ್ ಪಟ್ಟಿಯ ಪುಟ್ಟ ಚೌಕಗಳಾಗುತ್ತವೆ. ಪಟ್ಟಿ ಇರುವುದು ಒಬ್ಬ ಹೆಣ್ಣುಮಗಳ ಕೈಯಲ್ಲಿ. ಗೂಡುಗಳ ತುಂಬ ಸುತ್ತಿಟ್ಟ ಸುರುಳಿಗಳು. ಆಕೆ ಒಂದನ್ನು ಎಳೆದು, ಬೆಳಕಿಗೆ ಹಿಡಿದು ನೋಡಿ, ಕತ್ತರಿ ಹಾಕುತ್ತಾಳೆ. ಮರುಕ್ಷಣವೇ ಮಗುವಿನ ಮುಖಕ್ಕೆ ಜೀವ ಬರುತ್ತದೆ!

ಆಕೆ ಎಲಿಜವೆಟಾ ಸ್ವಿಲೋವಾ. ಚಿತ್ರ 1929ರ ಸೋವಿಯತ್ ಮೂಕಿ ‘ಮ್ಯಾನ್ ವಿತ್ ಎ ಮೂವಿ ಕ್ಯಾಮೆರಾ’. ನಿರ್ದೇಶಕ ಆಕೆಯ ಗಂಡ ಜಿಗಾ ವರ್ಟೋವ್, ಛಾಯಾಗ್ರಾಹಕ ಮೈದುನ ಮಿಖಾಯಿಲ್ ಕಾಫ್‌ಮನ್. ಕಥೆಯಿಲ್ಲ, ನಟರಿಲ್ಲ, ನಡುನಡುವೆ ಬರುವ ಬರಹದ ಫಲಕಗಳೂ ಇಲ್ಲ. ಮಾಸ್ಕೋ, ಕೀವ್, ಒಡೆಸ್ಸಾಗಳಲ್ಲಿ ಬಿಡಿಬಿಡಿಯಾಗಿ ಹಿಡಿದ ದೃಶ್ಯಗಳು ಸೇರಿ ಒಂದೇ ಊರಿನ ಒಂದೇ ದಿನವಾಗಿಬಿಟ್ಟಿವೆ. ಅರವತ್ತೆಂಟು ನಿಮಿಷಗಳಲ್ಲಿ 1,700ಕ್ಕೂ ಹೆಚ್ಚು ಶಾಟ್‌ಗಳು! ಒಂದೊಂದಕ್ಕೂ ಸರಾಸರಿ ಎರಡೂವರೆ ಸೆಕೆಂಡೂ ಇಲ್ಲ. ಎಲ್ಲ ಕೈಯಿಂದಲೇ ಕತ್ತರಿಸಿ, ಅಂಟಿಸಿದ್ದು.

ಮಾಸ್ಕೋದಲ್ಲಿ 1900ರಲ್ಲಿ ಹುಟ್ಟಿದ ಸ್ವಿಲೋವಾ ಹದಿಹರೆಯದಲ್ಲೇ ಫಿಲ್ಮ್ ಲ್ಯಾಬ್ ಸೇರಿದವಳು. ವರ್ಟೋವ್ ಕತ್ತರಿಸಿಕೊಟ್ಟಿದ್ದ ಕಿರುತುಣುಕುಗಳನ್ನು ಲ್ಯಾಬ್‌ನವರು ಕಸವೆಂದು ಎಸೆದಾಗ, ಮರುಕಪಟ್ಟು ಮತ್ತೆ ಜೋಡಿಸಿಕೊಟ್ಟದ್ದು ಈಕೆಯೇ ಅನ್ನುತ್ತಾರೆ. ನನಗಂತೂ ಅದು ಬರಿಯ ಮರುಕ ಅನ್ನಿಸುವುದಿಲ್ಲ. ಎಸೆದ ಚೂರಿನಲ್ಲೂ ಸಿನಿಮಾ ಕಾಣುವ ಕಣ್ಣು ಅದು.

ಅದೇ ಕಣ್ಣಿಗೆ 1945ರಲ್ಲಿ ಎಂಥ ಕೆಲಸ ಬಂತು! ಆಶ್‌ವಿಟ್ಜ್ ಯಾತನಾ ಶಿಬಿರ ಬಿಡುಗಡೆಯಾದಾಗ ಸೋವಿಯತ್ ಕ್ಯಾಮೆರಾದವರು ತೆಗೆದ ರೀಲುಗಳು ಆಕೆಯ ಮೇಜಿಗೆ ಬಂದವು. ಅವುಗಳಲ್ಲೂ ಮಕ್ಕಳಿದ್ದರು. ಅಂಗಿಯ ತೋಳು ಮಡಚಿ, ಚರ್ಮದ ಮೇಲೆ ಹಚ್ಚೆ ಹಾಕಿದ ಸಂಖ್ಯೆ ತೋರಿಸುವ ಮಕ್ಕಳು. ಇಲ್ಲಿ ಚಮತ್ಕಾರಕ್ಕೆ ಜಾಗವಿರಲಿಲ್ಲ. ಯಾವ ಚೂರು ಮೊದಲು, ಯಾವುದನ್ನು ಎಷ್ಟು ಹೊತ್ತು ನೋಡಲು ಬಿಡಬೇಕು, ಇಷ್ಟೇ ಪ್ರಶ್ನೆ. ಆಕೆ ಅವನ್ನೊಂದು ಸಾಕ್ಷ್ಯಚಿತ್ರವಾಗಿ ಕಟ್ಟಿದಳು. ಆ ಶಿಬಿರದ ದೃಶ್ಯಗಳು ನ್ಯೂರೆಂಬರ್ಗ್ ವಿಚಾರಣೆಯಲ್ಲಿ ನ್ಯಾಯಾಧೀಶರ ಮುಂದೆ ಓಡಿದವು.

ಗಂಡ 1954ರಲ್ಲಿ ತೀರಿಕೊಂಡ ಮೇಲೆ ಅವನ ಟಿಪ್ಪಣಿ, ದಿನಚರಿ, ಚಿತ್ರಗಳನ್ನು ಜತನದಿಂದ ಕಾಯ್ದವಳೂ ಆಕೆಯೇ. ಕೊನೆಯುಸಿರೆಳೆದದ್ದು 1975ರಲ್ಲಿ. ‘ಸೈಟ್ ಅಂಡ್ ಸೌಂಡ್’ ಪತ್ರಿಕೆ 2014ರಲ್ಲಿ ವಿಮರ್ಶಕರನ್ನೂ ನಿರ್ದೇಶಕರನ್ನೂ ಕೇಳಿದಾಗ, ಎಲ್ಲ ಕಾಲದ ಸಾಕ್ಷ್ಯಚಿತ್ರಗಳಲ್ಲಿ ಮೊದಲ ಸ್ಥಾನ ಸಿಕ್ಕಿದ್ದು ಈ 1929ರ ಚಿತ್ರಕ್ಕೆ. ಅದರ ಹೆಸರುಪಟ್ಟಿಯಲ್ಲಿ ಸ್ವಿಲೋವಾ ಬರಿಯ ಸಂಕಲನ ಸಹಾಯಕಿ! ಚಿತ್ರ ಅಂತರ್ಜಾಲದಲ್ಲಿ ಸಿಗುತ್ತದೆ, ಒಂದು ಗಂಟೆ ಚಿಲ್ಲರೆ ಅಷ್ಟೇ. ನೋಡಿ, ಆಮೇಲೆ ಆಕೆಗೆ ಆ ಪಟ್ಟ ಸಾಕೇ ಎಂದು ನೀವೇ ತೀರ್ಮಾನಿಸಿ.