ಮಾಯಾ ಡೆರೆನ್: ಪ್ರಯೋಗಶೀಲ ಚಲನಚಿತ್ರ ಮತ್ತು ಆಚರಣೆಯ ದಾಖಲೀಕರಣ

ಜಾನಪದ ಆಚರಣೆಗಳ ಚಿತ್ರೀಕರಣವನ್ನು ಕುರಿತ ಚರ್ಚೆಗಳಲ್ಲಿ ಕಲೆ ಮತ್ತು ದಾಖಲೆಗಳನ್ನು ಸಾಮಾನ್ಯವಾಗಿ ಬೇರೆ ಬೇರೆಯಾಗಿಯೇ ಪರಿಗಣಿಸಲಾಗುತ್ತದೆ. ಈ ಎರಡೂ ನೆಲೆಗಳಲ್ಲಿ ದುಡಿದವರು ಅಮೆರಿಕದ ಪ್ರಯೋಗಶೀಲ ಚಲನಚಿತ್ರದ ಪ್ರವರ್ತಕರಲ್ಲಿ ಒಬ್ಬರಾದ ಮಾಯಾ ಡೆರೆನ್ (1917–1961). ಹೈಟಿಯಲ್ಲಿ ಅವರು ಚಿತ್ರೀಕರಿಸಿದ ಸಾಮಗ್ರಿ ಅವರ ಜೀವಿತಕಾಲದಲ್ಲಿ ಚಲನಚಿತ್ರವಾಗಲಿಲ್ಲ. ಈ ಅಪೂರ್ಣತೆಯನ್ನು ಅವರ ಸೃಜನಕ್ರಿಯೆಯ ಹಿನ್ನೆಲೆಯಲ್ಲಿ ಅರ್ಥೈಸುವುದು ಪ್ರಸ್ತುತ ಲೇಖನದ ಉದ್ದೇಶ.

ಕೀವ್ ನಗರದಲ್ಲಿ ಜನಿಸಿ ಬಾಲ್ಯದಲ್ಲಿಯೇ ಅಮೆರಿಕಕ್ಕೆ ಬಂದ ಡೆರೆನ್, 1940ರ ದಶಕದ ಆರಂಭದಲ್ಲಿ ಕ್ಯಾಥರೀನ್ ಡನ್‌ಹಮ್ ಅವರಿಗೆ ಸಹಾಯಕಿಯಾಗಿದ್ದರು. ನೃತ್ಯಕಲಾವಿದೆಯೂ ಮಾನವಶಾಸ್ತ್ರಜ್ಞೆಯೂ ಆಗಿದ್ದ ಡನ್‌ಹಮ್ ಹೈಟಿಯಲ್ಲಿ ಕ್ಷೇತ್ರಕಾರ್ಯ ನಡೆಸಿದ್ದರು. 1942ರಲ್ಲಿಯೇ ಡೆರೆನ್ ನೃತ್ಯದಲ್ಲಿನ ದೈವಾವೇಶವನ್ನು ಕುರಿತು ಲೇಖನ ಪ್ರಕಟಿಸಿದರು. ಅಲೆಕ್ಸಾಂಡರ್ ಹ್ಯಾಮಿಡ್ ಅವರೊಡನೆ ನಿರ್ಮಿಸಿದ ‘ಮೆಶಸ್ ಆಫ್ ದಿ ಆಫ್ಟರ್‌ನೂನ್’ ಬಂದದ್ದು 1943ರಲ್ಲಿ. ಆಚರಣೆಯನ್ನು ಕುರಿತ ಅವರ ಆಸಕ್ತಿ ಚಲನಚಿತ್ರಕ್ಕಿಂತ ಮೊದಲಿನದು ಎಂಬುದು ಇದರಿಂದ ಸ್ಪಷ್ಟವಾಗುತ್ತದೆ.

ಡೆರೆನ್ ಅವರ ಕಲೆಯ ತಿರುಳು ಸಂಕಲನದಲ್ಲಿದೆ. 1945ರ ‘ಎ ಸ್ಟಡಿ ಇನ್ ಕೊರಿಯೋಗ್ರಫಿ ಫಾರ್ ಕ್ಯಾಮೆರಾ’ ಎಂಬ ಕಿರುಚಿತ್ರದಲ್ಲಿ ನರ್ತಕ ಟ್ಯಾಲಿ ಬೀಟಿ ಕಾಡಿನಲ್ಲಿ ಎತ್ತಿದ ಕಾಲು ಮನೆಯ ಕೋಣೆಯಲ್ಲಿ ಇಳಿಯುತ್ತದೆ. ಸ್ಥಳ ಬದಲಾಗುತ್ತದೆ, ಚಲನೆ ತುಂಡಾಗುವುದಿಲ್ಲ. ಲೋಕದಲ್ಲಿ ಎಲ್ಲಿಯೂ ನಡೆಯದ ಈ ನೃತ್ಯ ತೆರೆಯ ಮೇಲಷ್ಟೇ ಸಾಧ್ಯ. 1946ರ ‘ರಿಚುಯಲ್ ಇನ್ ಟ್ರಾನ್ಸ್‌ಫಿಗರ್ಡ್ ಟೈಮ್’ ಚಿತ್ರದಲ್ಲಿ ಕೂಟವೊಂದಕ್ಕೆ ಬಂದವರು ಪರಸ್ಪರ ವಂದಿಸುವ ಭಂಗಿಗಳು ಮರುಕಳಿಸುತ್ತ ನೃತ್ಯವಾಗುತ್ತವೆ. ಅಲ್ಲಿ ವ್ಯಕ್ತಿಯ ವೈಯಕ್ತಿಕತೆ ಹಿಂದೆ ಸರಿದು ಆಚರಣೆಯ ರೂಪ ಮುಂದೆ ಬರುತ್ತದೆ.

1946ರಲ್ಲಿ ಗುಗೆನ್‌ಹೈಮ್ ಫೆಲೋಶಿಪ್ ಪಡೆದ ಡೆರೆನ್ 1947ರಲ್ಲಿ ಹೈಟಿಗೆ ತೆರಳಿದರು. ಹೈಟಿಯ ನೃತ್ಯ, ಬಾಲಿ ದ್ವೀಪದ ಆಚರಣೆ ಮತ್ತು ಮಕ್ಕಳ ಆಟಗಳನ್ನು ಒಂದೇ ಚಿತ್ರದಲ್ಲಿ ಹೆಣೆಯುವುದು ಅವರ ಮೂಲ ಯೋಜನೆಯಾಗಿತ್ತು. ಆದರೆ ವೋಡು ಪಂಥದಲ್ಲಿ ನೃತ್ಯವು ಪುರಾಣ, ಬಲಿ ಮತ್ತು ದೈವಾವೇಶಗಳಿಂದ ಬೇರ್ಪಡಿಸಲಾಗದ ಅಂಗ. ಅಲ್ಲಿ ‘ಲ್ವಾ’ ಎಂಬ ದೈವ ಸವಾರ. ಆವೇಶಗೊಂಡ ವ್ಯಕ್ತಿ ಅದರ ಕುದುರೆ. 1953ರಲ್ಲಿ ಪ್ರಕಟವಾದ ‘ಡಿವೈನ್ ಹಾರ್ಸ್‌ಮೆನ್’ ಗ್ರಂಥದ ಹೆಸರಿಗೆ ಈ ಪರಿಕಲ್ಪನೆಯೇ ಮೂಲ. ಕಲಾವಿದೆಯಾಗಿ ಹೊರಟ ತಾನು ಅಲ್ಲಿನ ವಾಸ್ತವದ ಸಮಗ್ರತೆಗೆ ಮಣಿದು, ಕಂಡದ್ದನ್ನು ವಿನಯದಿಂದ ದಾಖಲಿಸುವವಳಾದೆ ಎಂಬ ಆಶಯವನ್ನು ಅವರು ಅದರ ಮುನ್ನುಡಿಯಲ್ಲಿ ವ್ಯಕ್ತಪಡಿಸಿದ್ದಾರೆ. ಸ್ವತಃ ತಮಗೆ ಆದ ಆವೇಶದ ಅನುಭವವನ್ನೂ ಗ್ರಂಥದ ಕೊನೆಯಲ್ಲಿ ನಿರೂಪಿಸಿದ್ದಾರೆ.

ಬಿಡಿ ಚಲನೆಗಳನ್ನು ಜೋಡಿಸಿ ಹೊಸ ಅಖಂಡವೊಂದನ್ನು ಕಟ್ಟುವುದು ಡೆರೆನ್ ಅವರ ವಿಧಾನ. ಆಚರಣೆಯಾದರೋ ಸಮುದಾಯವು ಆಗಲೇ ಕಟ್ಟಿಟ್ಟಿರುವ ಅಖಂಡ. ಅದನ್ನು ಕತ್ತರಿಸಿ ಜೋಡಿಸಿದರೆ ಉಳಿಯುವುದು ಚಿತ್ರಕಾರರ ಆಚರಣೆಯೇ ಹೊರತು ಭಕ್ತರದಲ್ಲ. ಕೃತಿ ಅಪೂರ್ಣವಾಗಿ ಉಳಿದುದಕ್ಕೆ ಈ ಸಂಘರ್ಷವೂ ಒಂದು ಮುಖ್ಯ ಕಾರಣವೆಂದು ನಾನು ಭಾವಿಸುತ್ತೇನೆ.

ಡೆರೆನ್ ಅವರ ನಿಧನಾನಂತರ ತೈಜಿ ಇತೊ ಮತ್ತು ಶೆರೆಲ್ ಇತೊ ಈ ಸಾಮಗ್ರಿಯನ್ನು ಸಂಕಲಿಸಿ, ಗ್ರಂಥದಿಂದ ಆಯ್ದ ನಿರೂಪಣೆಯನ್ನು ಸೇರಿಸಿ ಚಿತ್ರವಾಗಿಸಿದರು. ಅದಕ್ಕೆ ಗ್ರಂಥದ ಹೆಸರೇ ಇದೆ. ಸಂಶೋಧಕರು ಅದನ್ನು ಡೆರೆನ್ ಪೂರ್ಣಗೊಳಿಸಿದ ಕೃತಿಯೆಂದು ಭಾವಿಸದೆ, ಅನ್ಯರು ಸಂಪಾದಿಸಿದ ಪಾಠವೆಂದು ಉಲ್ಲೇಖಿಸುವುದು ಸೂಕ್ತ. ಭೂತಕೋಲದಂತಹ ಆಚರಣೆಗಳನ್ನು ವಿಡಿಯೋದಲ್ಲಿ ದಾಖಲಿಸುವ ನಮ್ಮ ಕ್ಷೇತ್ರಕಾರ್ಯಕ್ಕೂ ಈ ವಿವೇಕ ಅನ್ವಯಿಸುತ್ತದೆ: ಸಂಕಲಿತ ಪ್ರತಿಯೊಡನೆ, ಕತ್ತರಿಸದ ಮೂಲ ಚಿತ್ರಿಕೆಯೂ ಗ್ರಂಥಾಲಯವನ್ನು ಸೇರಬೇಕು.